ಕಪ್ಪಿ ಒಮ್ಮೆಲೆ ಸುಮ್ಮನಾದ್ರ: ಸಣ್ಣ ದೆವ್ವದ ಸಿನಿಮಾ ಬಗ್ಗೆ ನಿಮ್ಮ ಪ್ರಶ್ನೆ, ನನ್ನ ಉತ್ತರ

ಎರಡ್ಮೂರು ನಿಮಿಷದ ಹಾರರ್ ಸಿನಿಮಾ ಮಾಡೋರು ನಿಮ್ಮ ಡೌಟು ಬರದು ಕಳಸ್ರಿ ಅಂತ ಹೋದ ಸಂಚಿಕ್ಯಾಗ ಹೇಳಿದ್ದೆ, ಇಷ್ಟು ಪತ್ರ ಬರ್ತಾವ ಅಂತ ಅನ್ಕೊಂಡಿರಲಿಲ್ಲ. ಬಳ್ಳಾರಿ, ಸಿರುಗುಪ್ಪ, ಗಂಗಾವತಿ, ಸಿಂಧನೂರು, ಲಿಂಗಸುಗೂರು ಕಡೆಯಿಂದನ ಜಾಸ್ತಿ ಬಂದಾವು. ನಾನು ಬಳ್ಳಾರ್ಯಾಗ ಎಡಿಟಿಂಗ್ ಮಾಡ್ಕೊಂಡು ಇರಾಕಿ, ಮದುವಿ ವಿಡಿಯೋದಿಂದ ಹಿಡದು ಹುಡುಗ್ರ ಶಾರ್ಟ್ ಫಿಲಂ ತನಕ ಎಲ್ಲಾ ನನ್ನ ಟೇಬಲ್ಲಿಗೆ ಬರ್ತಾವು, ಅಲ್ಲಿ ಕುಂತು ಕಂಡಿದ್ದನ್ನ ಇಲ್ಲಿ ಹೇಳ್ತೀನಿ.

ಪ್ರಶ್ನೆ: ಅಕ್ಕಾ, ನಾವು ನಾಕು ಮಂದಿ ಗೆಳ್ಯಾರು ಸೇರಿ ಫೋನಿನ್ಯಾಗ ಮೂರು ನಿಮಿಷದ ಹಾರರ್ ಶಾರ್ಟ್ ಫಿಲಂ ಮಾಡಿದ್ವಿ. ಹಳೇ ಮನಿ, ಕಿರ್ ಅನ್ನೋ ಬಾಗ್ಲಾ, ಬಿಳೇ ಸೀರಿ, ಬಿಚ್ಚಿದ ಕೂದ್ಲು, ಕಡೀಕ ದೆವ್ವ ಕ್ಯಾಮ್ರಾ ಮ್ಯಾಲೇ ಬಂದು ಚೀರತೈತಿ. ಕಾಲೇಜಿನ್ಯಾಗ ತೋರ್ಸಿದ್ರ ಎಲ್ಲಾರೂ ಬಿದ್ದು ಬಿದ್ದು ನಕ್ರು. ಏನು ತಪ್ಪಾತು?
— ಬಿ.ಕಾಂ. ವಿದ್ಯಾರ್ಥಿ, ಗಂಗಾವತಿ

ಉತ್ತರ: ತಮ್ಮಾ, ಮೊದಲ ಮನಸಿಗೆ ಹಚ್ಕೋಬ್ಯಾಡ. ಬೆಚ್ಚಿ ಬೀಳೋದು ಬ್ಯಾರೆ, ಅಂಜಿಕಿ ಬ್ಯಾರೆ, ನೀವು ಮೊದಲನೇದನ್ನ ಕೊಟ್ರಿ, ಎರಡನೇದನ್ನ ಕೊಡೋದು ಬಿಟ್ರಿ. ಒಮ್ಮೆಲೆ ಜೋರು ಸಪ್ಪಳ ಆದ್ರ ಕಣ್ಣು ಮುಚ್ಚೋದು, ಹೆಗಲು ಮ್ಯಾಲೇರೋದು ಇದೆಲ್ಲಾ ಮೈ ತಾನೇ ಮಾಡೋ ಕೆಲಸ, ಕಣ್ಣು ಪಿಳುಕ್ಸೋದು ಶುರು ಆಗಾಕ ಒಂದು ಸೆಕೆಂಡಿನ ಹತ್ತನೇ ಪಾಲೂ ಹಿಡಿಯಂಗಿಲ್ಲ. ಬುದ್ಧಿ ಆಮ್ಯಾಲ ಬಂದು 'ಏ ಏನಿಲ್ಲ, ನಮ್ಮ ಕ್ಲಾಸಿನ ಹುಡುಗಿ' ಅಂತ ಗುರ್ತು ಹಿಡಿದ ಕೂಡ್ಲೇ ಬಿಗಿ ಹಿಡದಿದ್ದ ಉಸಿರು ನಗಿ ಆಗಿ ಹೊರಗ ಬರತೈತಿ. ಅದೇ ಚೀರೋದನ್ನ ಮತ್ತೊಮ್ಮೆ ಮಾಡಿದ್ರ ಅಷ್ಟು ಬೆಚ್ಚಂಗಿಲ್ಲ, ಮೂರನೇ ಸಲಕ್ಕ ರೂಢಿ ಆಗಿಬಿಡತೈತಿ. ಆದ್ರ ಮೊದ್ಲ ಅಂಜಿ ಕುಂತ ಮನುಷ್ಯಾಗ ಸಣ್ಣ ಸಪ್ಪಳನೂ ಜೋರಾಗೇ ಬಡೀತೈತಿ, ಚಮಚ ಬಿದ್ರೂ ಎದಿ ಝಲ್ ಅನ್ನತೈತಿ. ಅಂದ್ರ ಕೆಲಸ ಇರೋದೆಲ್ಲಾ ಚೀರೋದಕ್ಕಿಂತ ಮೊದಲ.

ಒಂದು ಉದಾಹರಣಿ ತಗೋ. ಅಜ್ಜಿ ಹಿತ್ತಲಕ್ಕ ಹೋಗ್ತಾಳ, ಕಟ್ಟಿಗಿ ರಾಶ್ಯಾಗ ಕೈ ಹಾಕ್ತಾಳ, ಹಾವು ಬುಸ್ ಅನ್ನತೈತಿ. ಇದು ಒಂದು ಸೆಕೆಂಡಿನ ಮಾತು, ಮುಗೀತು. ಈಗ ಅದನ್ನ ತಿರುಗಿಸಿ ನೋಡು: ಹಾವು ಕಟ್ಟಿಗಿ ಸಂದ್ಯಾಗ ಹೋಗಿದ್ದನ್ನ ನಾವು ಮೊದ್ಲ ನೋಡೀವಿ, ಅಜ್ಜಿ ನೋಡಿಲ್ಲ. ಆಕಿ ಬರ್ತಾಳ, ಒಂದು ಕಟ್ಟಿಗಿ ತಗೀತಾಳ, ಎರಡನೇದು ತಗೀತಾಳ, ಇದು ಹಸಿ ಐತಿ ಅಂತ ಬಾಜೂಕ ಒಗೀತಾಳ, ಮತ್ತ ಕೈ ಒಳಗ ಹಾಕ್ತಾಳ, ಅಷ್ಟ್ರಾಗ ಒಳಗಿಂದ ಯಾರೋ ಕರೀತಾರ, ಹೊಳ್ಳಿ ನೋಡಿ ಮಾತಾಡ್ಕೋಂತ ನಿಂದರ್ತಾಳ, ಕೈ ಮಾತ್ರ ಅಲ್ಲೇ ಐತಿ. ಹಾವು ಮತ್ತ ಕಾಣಸೋದೇ ಬ್ಯಾಡ, ನೋಡೋರು ಕುರ್ಚಿ ಹಿಡ್ಕೊಂಡು 'ಅಜ್ಜೀ ಕೈ ತಗೀ' ಅಂತ ಒಳಗೊಳಗ ಒದರ್ತಿರ್ತಾರ. ನೋಡೋರಿಗೆ ಗೊತ್ತೈತಿ, ಪಾತ್ರಕ್ಕ ಗೊತ್ತಿಲ್ಲ, ಆ ನಡುವಿನ ಹೊತ್ತಿಗೇ ಸಸ್ಪೆನ್ಸ್ ಅನ್ನೋದು. ಹಂಗಾಗಿ ನಿಮ್ಮ ದೆವ್ವನ್ನ ಕಡೀಕ ಕಾದಿಡಬ್ಯಾಡ್ರಿ, 20ನೇ ಸೆಕೆಂಡಿಗೇ ತೋರಸ್ರಿ, ದೂರದಾಗ, ಫ್ರೇಮಿನ ಮೂಲ್ಯಾಗ, ಫೋಕಸ್ ಇಲ್ದಂಗ, ಹುಡುಗಿ ಅದಕ್ಕ ಬೆನ್ನು ಮಾಡಿ ಜಡಿ ಹಾಕ್ಕೋಂತ ಕುಂದ್ರಲಿ. ಆಮ್ಯಾಲ ಯಾರು ನಗ್ತಾರ ನೋಡೋಣು.

ಇನ್ನೊಂದು ಹೇಳ್ತೀನಿ, ಇದು ನನ್ನ ಜೀವಕ್ಕೇ ಆಗಿದ್ದು. ಕಾರಟಗಿ ಹತ್ರ ನಮ್ಮ ಸಂಬಂಧಿಕರದ್ದು ಹೊಲ ಐತಿ, ಎಡದಂಡಿ ಕಾಲುವಿ ನೀರಿನ ನೆಲ್ಲಿನ ಗದ್ದಿ. ಒಂದ್ಸಲ ರಾತ್ರಿ ನೀರು ನೋಡಾಕ ಅವ್ರ ಜೋಡಿ ಹೋಗಿ ಬದುವಿನ ಮ್ಯಾಲ ಕುಂತಿದ್ದೆ, ಕಪ್ಪಿ ವಟವಟ ಅಂತ ಕಿವಿ ತೂತು ಬೀಳೋ ಹಂಗ ಒದರ್ತಿದ್ವು, ಐದು ನಿಮಿಷ ಆದ ಮ್ಯಾಲ ಆ ಸಪ್ಪಳ ಕೇಳಸೋದೇ ನಿಂತಂಗ ಆಗತೈತಿ, ಅಷ್ಟು ರೂಢಿ ಆಗತೈತಿ. ಇದ್ದಕ್ಕಿದ್ದಂಗ ದೂರದ ಮಡಿಯಾಗಿನ ಕಪ್ಪಿ ಸುಮ್ಮನಾದ್ವು. ಅದರ ಈಚಿ ಮಡಿಯಾಗ ಸುಮ್ಮನಾದ್ವು. ಆಮ್ಯಾಲ ಅದರ ಈಚಿಗೆ. ಕತ್ತಲದಾಗ ಏನೂ ಕಾಣವಲ್ದು, ಬರೇ ಆ ಸುಮ್ಮನಾಗೋದು ಒಂದೊಂದೇ ಮಡಿ ದಾಟಿ ನಮ್ಮ ಕಡಿಗೇ ನಡಕೋಂತ ಬರ್ತಿತ್ತು. ಕೈಕಾಲು ತಣ್ಣಗಾಗಿ ಹೋದ್ವು ನಂದು. ಹತ್ರ ಬಂದಾಗ ನೋಡಿದ್ರ ಬಾಜೂ ಹೊಲದ ಕಾಕಾ, ಬ್ಯಾಟ್ರಿ ಸೆಲ್ ಹೋಗಿತ್ತಂತ, ಕತ್ತಲದಾಗೇ ನೀರು ತಿರುವಾಕ ಬಂದಿದ್ರು. ಆವತ್ತಿಂದ ನಾನು ಯಾವ ದೆವ್ವದ ಸಿನಿಮಾ ಎಡಿಟ್ ಮಾಡಾಕ ಕುಂತ್ರೂ ಮೊದಲ ಕೇಳೋದು ಇದನ್ನೇ, ಇದ್ರಾಗ ನೋಡೋರಿಗೆ ರೂಢಿ ಇರೋದು ಯಾವುದು, ಅದು ಯಾವಾಗ ಕೆಡತೈತಿ ಅಂತ. ಮೂರು ನಿಮಿಷದಾಗ ಹೊಸಾ ಲೋಕ ಕಟ್ಟಾಕ ಹೊತ್ತಿರಂಗಿಲ್ಲ, ಮನ್ಯಾಗಿನ, ಹೊಲದಾಗಿನ ಒಂದು ರೂಢಿ ತಗೊಂಡು ಅದನ್ನ ಒಂದೇ ಒಂದ್ಸಲ ಕೆಡಸ್ರಿ.

ಪ್ರಶ್ನೆ: ಅಕ್ಕಾರ, ನನ್ನ ಕಥ್ಯಾಗ ದೆವ್ವ ಯಾಕ ಆತು ಅಂತ ಹೇಳಾಕ ಫ್ಲ್ಯಾಶ್‌ಬ್ಯಾಕ್ ಬೇಕು, ಆದ್ರ ಸ್ಪರ್ಧೆಯಾಗ 3 ನಿಮಿಷ ಅಷ್ಟ ಲಿಮಿಟ್ ಐತಿ. ಹೆಂಗ ಹೊಂದಸ್ಲಿ?
— ಎಂ.ಎ. ವಿದ್ಯಾರ್ಥಿನಿ, ರಾಯಚೂರು

ಉತ್ತರ: ತಂಗೀ, ಫ್ಲ್ಯಾಶ್‌ಬ್ಯಾಕ್ ತಗದುಬಿಡು. 180 ಸೆಕೆಂಡ್ ಐತಿ ನಿನ್ನ ಕೈಯಾಗ, ಅದ್ರಾಗ 60 ಸೆಕೆಂಡ್ 'ಆಕಿ ಹತ್ತು ವರ್ಷದ ಹಿಂದ ಬಾವಿಗೆ ಬಿದ್ದಿದ್ಲು' ಅನ್ನಾಕ ಹೋದ್ರ ಉಳಿಯೋದು ಏನು? ಅದೂ ಅಲ್ದ ಕಾರಣ ಗೊತ್ತಾದ ಕೂಡ್ಲೇ ಅಂಜಿಕಿ ಹೋಗಿ ಅಯ್ಯೋ ಪಾಪ ಅನಸ್ತೈತಿ. ಅದು ಒಳ್ಳೇ ಭಾವನೆನೇ, ಆದ್ರ ಅದು ಇನ್ನೊಂದು ಸಿನಿಮಾ.

2013ರಾಗ ಸ್ವೀಡನ್ ದೇಶದ ಡೇವಿಡ್ ಸ್ಯಾಂಡ್‌ಬರ್ಗ್ ಅನ್ನೋರು 'ಲೈಟ್ಸ್ ಔಟ್' ಅಂತ ಮೂರು ನಿಮಿಷಕ್ಕಿಂತ ಕಮ್ಮಿ ಇರೋ ಸಿನಿಮಾ ಮಾಡಿದ್ರು, ತಮ್ಮ ಮನ್ಯಾಗೇ, ತಮ್ಮ ಹೆಂಡ್ತಿನ್ನೇ ನಟಿ ಮಾಡ್ಕೊಂಡು. ಲೈಟ್ ಆರ್ಸಿದ್ರ ಒಂದು ಆಕಾರ ಕಾಣತೈತಿ, ಹಚ್ಚಿದ್ರ ಇಲ್ಲ, ಇಷ್ಟ ನಿಯಮ. ಅದನ್ನ ಶುರುವಿನ್ಯಾಗೇ ಸ್ವಿಚ್ ಒತ್ತಿ ಒತ್ತಿ ನಮಗ ಕಲಸ್ತಾರ, ಅಲ್ಲಿಂದ ಮುಂದ ಆಕಿ ಸ್ವಿಚ್ ಹತ್ರ ಕೈ ಒಯ್ದಾಗೆಲ್ಲಾ ನಮ್ಮ ಎದಿ ಹೊಡ್ಕೋತೈತಿ. ಅದು ಯಾರು, ಯಾಕ ಬಂತು ಅಂತ ಒಂದು ಮಾತಿಲ್ಲ. ಅದು ಎಷ್ಟು ನಾಟಿತು ಅಂದ್ರ 2016ರಾಗ ಅವ್ರೇ ಅದನ್ನ ದೊಡ್ಡ ಸಿನಿಮಾ ಮಾಡಿದ್ರು.

ನಿನ್ನ ಕಥ್ಯಾಗ ಅಂಥಾ ನಿಯಮ ಒಂದನ್ನ ಹುಡುಕು, ಬಾಯಿಲೆ ಹೇಳಬ್ಯಾಡ, ಮೊದಲ 40 ಸೆಕೆಂಡಿನ್ಯಾಗ ಮಾಡಿ ತೋರ್ಸು. ಬಾವಿ ಐತಿ ಅನ್ಕೋ, ಕೊಡ ಬಿಟ್ರ ನೀರಿಗೆ ತಾಗಿದ ಸಪ್ಪಳ ಬರಾಕ ಇಂತಿಷ್ಟು ಹೊತ್ತು ಅಂತ ಐತಿ, ನಿನ್ನ ಹುಡುಗಿ ದಿನಾ ಬಾಯಾಗ ಎಣಿಸ್ಕೋಂತನೇ ಕೊಡ ಬಿಡ್ಲಿ, ಒಂದು, ಎರಡು, ಮೂರು, ದಪ್. ಎರಡು ಸಲ ಹಂಗ ಆಗ್ಲಿ. ಮೂರನೇ ಸಲ ಎರಡಕ್ಕೇ ಹಗ್ಗ ಸಡಿಲಾಗ್ಲಿ, ಸಪ್ಪಳನೇ ಬರೋದು ಬ್ಯಾಡ. ಆಕಿ ಬಗ್ಗಿ ನೋಡೋದಕ್ಕಿಂತ ಮೊದಲ ನಾಕು ಸೆಕೆಂಡ್ ಸುಮ್ನ ಹಗ್ಗ ಹಿಡಕೊಂಡು ನಿಂದರ್ಲಿ. ಆ ನಾಕು ಸೆಕೆಂಡ್ ಕಟ್ ಮಾಡಬ್ಯಾಡ, ಎಡಿಟಿಂಗ್ ಟೇಬಲ್ಲಿನ್ಯಾಗ ಹುಡುಗ್ರು ಮೊದಲ ಕತ್ತರಿ ಹಾಕೋದೇ ಅಂಥಾ ಜಾಗಕ್ಕ, ಲ್ಯಾಗ್ ಆಗತೈತಿ ಅಕ್ಕಾ ಅಂತಾರ, ನಾನು ಕೈ ಹಿಡ್ಕೋತೀನಿ.

ಪ್ರಶ್ನೆ: ನಮ್ಮ ಫೋನ್ ಹಳೇದು ಅಕ್ಕಾ, ರಾತ್ರಿ ಶೂಟ್ ಮಾಡಿದ್ರ ಬರೇ ಕಾಳು ಕಾಳು, ಏನೂ ಕಾಣಂಗಿಲ್ಲ. ಲೈಟ್ ಬಾಡಿಗಿಗೆ ತರಾಕ ರೊಕ್ಕ ಇಲ್ಲ. ದೆವ್ವದ ಸಿನಿಮಾ ಬಿಟ್ಟು ಬ್ಯಾರೆ ಮಾಡ್ಬೇಕೇನು?
— ಐ.ಟಿ.ಐ. ವಿದ್ಯಾರ್ಥಿ, ಲಿಂಗಸುಗೂರು

ಉತ್ತರ: ಬಿಡಬ್ಯಾಡ, ಹಗಲೊತ್ತಿನ್ಯಾಗ ಮಾಡು. ನಮ್ಮ ಹಿರ್ಯಾರು ದೆವ್ವಕ್ಕ ಅಮಾಸಿ ರಾತ್ರಿ ಒಂದೇ ಬಿಟ್ಟುಕೊಟ್ಟಿಲ್ಲ, ಮಟಮಟ ಮಧ್ಯಾಹ್ನನೂ ಕೊಟ್ಟಾರ, ಆ ಹೊತ್ತಿನ್ಯಾಗ ಹುಣಸಿ ಗಿಡದ ಕೆಳಗ ಹೋಗಬ್ಯಾಡ ಅಂತ ನೀನೂ ಬೈಸ್ಕೊಂಡಿರ್ತಿ. ಮೇ ತಿಂಗಳ ಎರಡು ಗಂಟಿಗೆ ನಿಮ್ಮ ಜಿಲ್ಲಾದಾಗ 40 ಡಿಗ್ರಿ ದಾಟಿರತೈತಿ, ಓಣ್ಯಾಗ ಒಂದು ನಾಯಿ ಇರಂಗಿಲ್ಲ, ಎಲ್ಲಾ ಬಾಗ್ಲಾ ಮುಚ್ಚಿರ್ತಾವು. ಊರಿಗೆ ಊರೇ ಖಾಲಿ ಆದಂಗ ಕಾಣಸೋ ಇಂಥಾ ಸೆಟ್ ದೊಡ್ಡ ಸಿನಿಮಾದವ್ರಿಗೂ ಪುಕ್ಕಟ ಸಿಗಂಗಿಲ್ಲ.

ನಿಮ್ಮ ಕಡೆ ಇನ್ನೂ ಹಳೇ ಮಾಳಗಿ ಮನಿ ಅದಾವಲ್ಲ, ಬೆಳಕಿಂಡಿ ಇರೋವು, ಅಂಥಾ ಒಂದು ಮನ್ಯಾಗ ಮಾಡೋ ಹಂಗ ಒಂದು ಹೇಳ್ತೀನಿ, ಬೇಕಿದ್ರ ತಗೊಂಡು ಮಾಡ್ರಿ. ಮಧ್ಯಾಹ್ನ. ಅವ್ವ ಗ್ವಾಡಿ ಕಡೆ ಮುಖ ಮಾಡಿ ಮಲಗ್ಯಾಳ. ಹುಡುಗ ಬಂಡಿ ನೆಲದ ಮ್ಯಾಲ ಬೋರಲ ಬಿದ್ದಾನ. ಬೆಳಕಿಂಡಿಯಿಂದ ನೆಲದ ಮ್ಯಾಲ ರೊಟ್ಟಿಯಷ್ಟು ಬಿಸಿಲು ಬಿದ್ದೈತಿ, ಅಂವ ಸೀಮಿಸುಣ್ಣದಿಂದ ಅದರ ಸುತ್ತ ಗೆರಿ ಹೊಡೀತಾನ, ಬಿಸಿಲು ಸರದ್ರ ಮತ್ತ ಗೆರಿ ಹೊಡೀತಾನ. ಒಂದ್ಸಲ ಬಿಸಿಲಿನ ಮ್ಯಾಲ ಪಟ್ಟನ ನೆರಳು ಹಾಯತೈತಿ, ಮ್ಯಾಲೆ ಕಾಗಿ ಕಾ ಅಂತೈತಿ, ಅಂವ ನಗ್ತಾನ. ನಾವೂ ಸಮಾಧಾನ ಆಗ್ತೀವಿ. ಸ್ವಲ್ಪ ಹೊತ್ತಿನ ಮ್ಯಾಲ ಮತ್ತ ನೆರಳು ಬರತೈತಿ, ಈ ಸಲ ಸರಿಯಂಗಿಲ್ಲ. ಕಾಗಿ ಸದ್ದೂ ಇಲ್ಲ. ರೊಟ್ಟಿಯಷ್ಟು ಬಿಸಿಲು ಅರ್ಧಾ ಆಗತೈತಿ, ಪೂರಾ ಹೋಗತೈತಿ. ಹುಡುಗ ಮ್ಯಾಲೆ ನೋಡಂಗಿಲ್ಲ, ಗೆರಿ ನೋಡ್ಕೋಂತನೇ ಸಣ್ಣ ದನೀಲೆ ಕೇಳ್ತಾನ, 'ಅವ್ವಾ, ಮಾಳಗಿ ಮ್ಯಾಲ ಯಾರದಾರ?' ಅವ್ವ ನಿದ್ದಿಗಣ್ಣಾಗೇ, 'ಯಾರಿಲ್ಲ ಮಲ್ಕೋ, ನಿಚ್ಚಣಿಕಿ ಒಳಗೇ ಐತಿ.' ಕ್ಯಾಮ್ರಾ ಮೂಲಿಗೆ ಒರಗಿಸಿಟ್ಟ ನಿಚ್ಚಣಿಕಿ ತೋರಸ್ಲಿ. ಅಲ್ಲಿಗೇ ಮುಗಿಸ್ರಿ. ಮ್ಯಾಲೆ ಏನೈತಿ ಅಂತ ತೋರ್ಸಿದ್ರೋ, ಇಡೀ ಸಿನಿಮಾ ಹಾಳ.

ಇದ್ರಾಗ ಒಂದು ಫೋನಿನ ಕಿತಾಪತಿ ಐತಿ, ಅದು ಗೊತ್ತಿರಬೇಕು. ಫೋನು ಕತ್ತಲಾದ ಕೂಡ್ಲೇ ತಾನೇ ಬೆಳಕು ಏರಿಸ್ಕೋತೈತಿ, ನೆರಳು ಬಂದಾಗ ರೂಮು ಕಪ್ಪಾಗೋ ಬದ್ಲಿ ಬೆಳ್ಳಗಾಗಿ ಕುಂದರತೈತಿ. ಸ್ಕ್ರೀನ್ ಮ್ಯಾಲ ಆ ಬಿಸಿಲಿನ ಜಾಗಾ ಬೆರಳಿಲೆ ಒತ್ತಿ ಹಿಡಿ, ಬಾಳಷ್ಟು ಫೋನಿನ್ಯಾಗ ಫೋಕಸ್ಸು, ಎಕ್ಸ್‌ಪೋಷರ್ ಅಂದ್ರ ಬೆಳಕಿನ ಅಳತಿ, ಎರಡೂ ಲಾಕ್ ಆಗ್ತಾವು, ಆಮ್ಯಾಲ ನೆರಳು ನೆರಳಾಗೇ ಉಳೀತೈತಿ. ನೆರಳು ಬೀಳಸಾಕ ಮಾಳಗಿ ಮ್ಯಾಲ ಬೆಳಕಿಂಡಿಗೆ ಅಡ್ಡ ರಟ್ಟು ಹಿಡಿಯೋ ಗೆಳ್ಯಾಗ ಚಪ್ಪಲಿ ಹಾಕ್ಕೊಂಡು ಹತ್ತು ಅನ್ನು, ಆ ಬಿಸಿಲಿಗೆ ಅಂಗಾಲು ಸುಟ್ಟು ಹೋಗತೈತಿ, ಹಳೇ ಮಾಳಗಿ ಆದ್ರ ಎಲ್ಲಿ ಗಟ್ಟಿ ಐತಿ ಅಂತ ಮನಿಯವ್ರನ್ನ ಕೇಳೇ ಹತ್ತಬೇಕು.

ರಾತ್ರಿನೇ ಬೇಕು ಅನ್ನೋರಿಗೆ ಎರಡು ಮಾತು. ಎಲ್ಲಾ ಲೈಟ್ ಆರಿಸಿ ಕತ್ತಲದಾಗ ಹಿಡಿಯೋ ಬದ್ಲಿ ಬಾಜೂ ರೂಮಿನ್ಯಾಗ ಒಂದು ಲೈಟ್ ಹಚ್ಚಿ ಬಾಗ್ಲಾ ಅರ್ಧ ಮುಚ್ಚಿ, ಅಲ್ಲಿಂದ ಬರೋ ಬೆಳಕಿನ ಪಟ್ಟಿಯಾಗ ಮುಖ ಅರ್ಧ ಇಡ್ರಿ, ಉಳಿದ ಅರ್ಧಾ ನೋಡೋರ ಮನಸ್ಸೇ ತುಂಬ್ಕೋತೈತಿ. ಇನ್ನ ಟ್ಯೂಬ್‌ಲೈಟ್ ಕೆಳಗ ಹಿಡಿದಾಗ ಸ್ಕ್ರೀನ್ ತುಂಬಾ ಪಟ್ಟಿ ಓಡಾಡ್ತಾವಲ್ಲ, ನಮ್ಮ ಕರೆಂಟು 50 ಹರ್ಟ್ಸ್, ಅಂದ್ರ ಸೆಕೆಂಡಿಗೆ 50 ಸಲ ಹಿಂದ ಮುಂದ ಆಗತೈತಿ, ಅದಕ್ಕ ಲೈಟು ಸೆಕೆಂಡಿಗೆ 100 ಸಲ ಮಿಣುಕತೈತಿ, ಫೋನಿನ ಕ್ಯಾಮ್ರಾದಾಗ ಎಲ್ಲಾ ನಾವೇ ಹೊಂದಿಸ್ಕೊಳ್ಳೋ ಪ್ರೊ ಮೋಡ್ ಇದ್ರ ಶಟರ್ ಸ್ಪೀಡ್ 1/50 ಇಲ್ಲಾ 1/100 ಸೆಕೆಂಡ್ ಇಟ್ಕೊಳ್ರಿ, ಪಟ್ಟಿ ನಿಲ್ತಾವು.

ಪ್ರಶ್ನೆ: ಬಿ.ಜಿ.ಎಂ., ಅಂದ್ರ ಹಿನ್ನೆಲಿ ಮ್ಯೂಸಿಕ್, ಇಲ್ದ ಹಾರರ್ ಆಗಂಗೇ ಇಲ್ಲ. ಫ್ರೀ ಮ್ಯೂಸಿಕ್ ಹಾಕಿದ್ರ ಎಲ್ಲಾರ ಸಿನಿಮಾದಾಗೂ ಅದೇ ಇರತೈತಿ, ದೊಡ್ಡ ಸಿನಿಮಾದ್ದು ಹಾಕಿದ್ರ ಕಾಪಿರೈಟ್ ಬೀಳತೈತಿ. ಏನ್ ಮಾಡೋದು?
— ಓದುಗರು, ಕೊಪ್ಪಳ

ಉತ್ತರ: ಸೌಂಡ್ ಬೇಕು ಅಂತ ನೀವು ಹೇಳೋದು ಖರೇ, ಅದು ಮ್ಯೂಸಿಕ್ಕೇ ಆಗಿರಬೇಕು ಅಂತೇನಿಲ್ಲ. ಕಣ್ಣು ಮುಂದಿಂದಷ್ಟ ನೋಡತೈತಿ, ಕಿವಿ ಬೆನ್ನ ಹಿಂದಿಂದೂ ಕೇಳತೈತಿ, ಅದಕ್ಕ ಫ್ರೇಮಿನ ಹೊರಗಿಂದ ಬರೋ ಸಪ್ಪಳಕ್ಕ ನಾವು ಅಷ್ಟು ಅಂಜೋದು. ಮನ್ಯಾಗ ರಾತ್ರಿ ಎಲ್ಲಾರೂ ಮಲಗಿದ ಮ್ಯಾಲ ಒಂದು ತಾಸು ಸುಮ್ನ ಕುಂತು ಕೇಳ್ರಿ, ಫ್ಯಾನಿನ ಕಟ್ ಕಟ್, ಹಲ್ಲಿ ಲೊಚಗುಟ್ಟೋದು, ಸಿಂಟೆಕ್ಸ್ ತುಂಬಿ ಗ್ವಾಡಿಗೆ ನೀರು ಇಳಿಯೋದು, ಇನ್ವರ್ಟರ್ ಗುಂಯ್ ಅನ್ನೋದು, ಇವನ್ನೆಲ್ಲಾ ಫೋನಿನ್ಯಾಗೇ ರೆಕಾರ್ಡ್ ಮಾಡ್ಕೊಳ್ರಿ, ಫೋನ್ ಸಪ್ಪಳದ ಹತ್ರ ಇಟ್ಟು ಮಾಡ್ರಿ.

ಆಮ್ಯಾಲ ನೀವು ಶೂಟ್ ಮಾಡಿದ ರೂಮಿನ್ಯಾಗ ಯಾರೂ ಮಾತಾಡ್ದಂಗ ಒಂದು ನಿಮಿಷ ಬರೇ ರೂಮಿನ ಸದ್ದು ಹಿಡ್ಕೊಳ್ರಿ. ಇದನ್ನ ಮರೆತವ್ರೇ ಜಾಸ್ತಿ. ನಿಶ್ಶಬ್ದ ಬೇಕು ಅಂತ ಸೌಂಡ್ ಪೂರಾ ಮ್ಯೂಟ್ ಮಾಡಿಬಿಟ್ರ ನೋಡೋರು ಅಂಜಂಗಿಲ್ಲ, ಫೋನ್ ಕೆಡ್ತೇನೋ ಅಂತ ವಾಲ್ಯೂಮ್ ಬಟನ್ ಒತ್ತತಾರ. ರೂಮಿನ ಸಣ್ಣ ಸದ್ದು ಕೆಳಗ ಇರಬೇಕು, ಅದರ ಮ್ಯಾಲ ಫ್ಯಾನಿನ ಕಟ್ ಕಟ್ ಇರಬೇಕು, ಒಂದು ನಿಮಿಷ ಆದ ಮ್ಯಾಲ ಫ್ಯಾನು ನಿಲ್ಲಬೇಕು. ಕರೆಂಟ್ ಹೋತು ಅನ್ಕೋತಾರ ಎಲ್ಲಾರೂ, ಆಗ ಮೂಲ್ಯಾಗ ಮೊಬೈಲ್ ಚಾರ್ಜ್ ಆಗ್ತಿರೋದನ್ನ ತೋರಸ್ರಿ. ಕರೆಂಟ್ ಐತಿ. ಮತ್ತ ಫ್ಯಾನ್ ಯಾರು ಆರ್ಸಿದ್ರು?

ಇನ್ನೊಂದು ತಪ್ಪು ಎಲ್ಲಾ ಕಡೆ ನೋಡ್ತೀನಿ. ಲ್ಯಾಪ್‌ಟಾಪಿಗೆ ದೊಡ್ಡ ಹೆಡ್‌ಫೋನ್ ಹಾಕ್ಕೊಂಡು ಧಂ ಅನ್ನೋ ತಳದ ಸೌಂಡ್ ಹಾಕ್ತಾರ, ಕೇಳಿ ಅವ್ರೇ ನಡುಗ್ತಾರ. ಮನುಷ್ಯನ ಕಿವಿ 20 ಹರ್ಟ್ಸಿಂದ ಮ್ಯಾಲಿಂದು ಕೇಳತೈತಿ ಖರೇ, ಆದ್ರ ಫೋನಿನ ಸಣ್ಣ ಸ್ಪೀಕರಿಗೆ 100 ಹರ್ಟ್ಸ್ ಕೆಳಗಿನ ಸದ್ದು ಎಬ್ಬಿಸೋ ತಾಕತ್ತೇ ಇರಂಗಿಲ್ಲ, ನಿಮ್ಮ ಧಂ ಪೂರಾ ಮಾಯ. ನಿಮ್ಮ ಸಿನಿಮಾ ನೋಡೋರು ಬಾಳಷ್ಟು ಮಂದಿ ಫೋನಿನ್ಯಾಗೇ ನೋಡೋದು. ಹಂಗಾಗಿ ಬಳಿ ಸಪ್ಪಳ, ಉಸಿರು, ಉಗುರಿಲೆ ಗ್ವಾಡಿ ಕೆರೆಯೋದು, ಇಂಥಾ ನಡುವಿನ ದನಿ ಹಾಕ್ರಿ, ಮುಗಿಸಿದ ಮ್ಯಾಲ ಅಗ್ಗದ ಫೋನ್ ಒಂದ್ರಾಗ ಹಚ್ಚಿ ಕೇಳ್ರಿ.

ಮ್ಯೂಸಿಕ್ಕಿನಂಥದ್ದು ಏನಾರ ಬೇಕೇ ಬೇಕಂದ್ರ ಹಿತ್ತಾಳಿ ಕೊಡಕ್ಕ ಅರ್ಧ ನೀರು ಹಾಕಿ, ಕಟ್ಟಿಗಿ ಸೌಟಿಲೆ ಬಡದು, ಬಡದ ಕೂಡ್ಲೇ ಕೊಡ ವಾಲ್ಸ್ರಿ. ದನಿ ಬಾಗಿ ಅಳಕೋಂತ ಹೋಗತೈತಿ, ಅದನ್ನ ಎಡಿಟಿಂಗಿನ್ಯಾಗ ಅರ್ಧ ಸ್ಪೀಡಿಗೆ ಇಳಿಸಿ ಕೇಳ್ರಿ, ಮೈ ಮ್ಯಾಲ ಮುಳ್ಳು ಏಳತಾವು. ನಮ್ಮ ಬಳ್ಳಾರಿ ಹತ್ರ ಸಂಗನಕಲ್ಲು-ಕಪ್ಪಗಲ್ಲಿನ ಗುಡ್ಡದಾಗ ಬಡದ್ರ ಗಂಟಿಯಂಗ ದನಿ ಕೊಡೋ ಕರೀ ಬಂಡಿಗೋಳು ಅದಾವು, ಸಾವಿರಾರು ವರ್ಷದ ಹಿಂದ ನವಶಿಲಾಯುಗದ ಮಂದಿ ಅಲ್ಲಿದ್ರು, ಅವ್ರು ಬಡದ ಗುಂಡಿ ಗುರ್ತು ಇನ್ನೂ ಅದಾವು. ಆ ದನಿ ನೆನಸ್ಕೊಂಡ್ರ ಸಾಕು, ಸಿನಿಮಾಕ್ಕ ಅಂತ ಹೋಗಿ ಆ ಕಲ್ಲು ಬಡೀಬ್ಯಾಡ್ರಿ ದಯವಿಟ್ಟು, ಕೊಡ ಮನ್ಯಾಗೇ ಐತಿ.

ಪ್ರಶ್ನೆ: ನಾನು ಜೀನ್ಸ್ ಹೊಲಿಯೋ ಯುನಿಟ್ಟಿನ್ಯಾಗ ಕೆಲಸ ಮಾಡ್ತೀನಿ. ರಾತ್ರಿ ಎಲ್ಲಾರೂ ಹೋದ ಮ್ಯಾಲ ಮಷಿನ್ ಸಾಲು ನೋಡಿದ್ರ ಯಾಕೋ ಅಂಜಿಕಿ ಬರತೈತಿ. ಇದ್ರ ಮ್ಯಾಲ ಸಿನಿಮಾ ಮಾಡಬೋದಾ? ಮಾಲಕರು ಒಂದು ಸಂಡೆ ಬಿಡ್ತೀನಿ ಅಂದಾರ.
— ಟೈಲರ್, ಬಳ್ಳಾರಿ

ಉತ್ತರ: ಅಣ್ಣಾ, ಈ ಸಲದ ಪತ್ರದಾಗ ನನಗ ಬಾಳ ಸೇರಿದ್ದು ನಿಮ್ದು. ಮಾಡ್ರಿ, ಖಂಡಿತ ಮಾಡ್ರಿ. ಮಷಿನ್ ತಾನೇ ಹೊಲಿಯಾಕ ಶುರು ಮಾಡ್ತು ಅಂತ ಮಾಡಬ್ಯಾಡ್ರಿ, ಅದು ಯಾರಿಗಾದ್ರೂ ಹೊಳೆಯೋದು. ನಿಮಗಷ್ಟ ಗೊತ್ತಿರೋದು ಒಂದೈತಿ: ಹಳೇ ಕ್ಲಚ್ ಮೋಟಾರಿನ ಮಷಿನ್ನು ಮೇನ್ ಸ್ವಿಚ್ ಆರ್ಸಿದ ಮ್ಯಾಲೂ ಸ್ವಲ್ಪ ಹೊತ್ತು ಊಂ... ಅನಕೋಂತ ತಿರುಗಿ ನಿಧಾನಕ್ಕ ನಿಲ್ತಾವು. ಶುರುವಿನ್ಯಾಗ ನೀವು ಸ್ವಿಚ್ ಆರಸ್ರಿ, ಎಲ್ಲಾ ಮೋಟಾರು ಕೂಡೇ ಇಳಿಯೋದನ್ನ ಪೂರಾ ಕೇಳಸ್ರಿ, ಬೀಗ ಹಾಕ್ರಿ. ಎರಡನೇ ದಿನ ಅದೇ ಆಗ್ಲಿ. ಮೂರನೇ ದಿನ ಎಲ್ಲಾ ಇಳದು ನಿಂತ ಮ್ಯಾಲೂ ಹಿಂದಿನ ಸಾಲಿನ್ಯಾಗ ಒಂದು ಇಳೀಬಾರ್ದು. ನೀವು ಬೀಗ ಕೈಯಾಗ ಹಿಡ್ಕೊಂಡು ಕಾಯಬೇಕು, ಈಗ ನಿಲ್ತೈತಿ, ಈಗ ನಿಲ್ತೈತಿ ಅಂತ. ನಿಲ್ತೈತೋ ಇಲ್ಲೋ ನೀವೇ ತೀರ್ಮಾನ ಮಾಡ್ರಿ. ಸೂಜಿ ಹತ್ರ ಬೆರಳು ಇಟ್ಟು ತೋರಸೋ ಶಾಟ್ ಮಾತ್ರ ಬ್ಯಾಡ, ಮೇನ್ ಆಫ್ ಇದ್ರೂ ಬ್ಯಾಡ.

ಪ್ರಶ್ನೆ: ದೆವ್ವದ ಮುಖಕ್ಕ ಮೇಕಪ್ ಮಾಡಸಾಕ ಬಾಳ ಖರ್ಚು. ಮುಖ ತೋರಸ್ಬೇಕೋ ಬ್ಯಾಡೋ?
— ಓದುಗರು, ಮಾನ್ವಿ

ಉತ್ತರ: ಬ್ಯಾಡ. 1970ರಾಗ ಜಪಾನಿನ ರೋಬೋಟ್ ವಿಜ್ಞಾನಿ ಮಸಾಹಿರೊ ಮೋರಿ ಅನ್ನೋರು ಒಂದು ಮಾತು ಬರೆದ್ರು, ಮನುಷ್ಯನಂಗೇ ಇರೋದು ಒಂದು, ಆದ್ರ ಎಲ್ಲೋ ಒಂಚೂರು ತಪ್ಪೈತಿ ಅಂದ್ರ ನಮಗ ಹೇಸಿಕಿ, ಅಂಜಿಕಿ ಎರಡೂ ಆಗತೈತಿ ಅಂತ. ಪೂರಾ ರಾಕ್ಷಸನ ಮುಖ ಇದ್ರ ಅಷ್ಟಾಗಂಗಿಲ್ಲ. ರಕ್ತ, ಕೋರೆಹಲ್ಲು ಬಿಟ್ಟು ನಡಿಗಿ ಕೆಡಸ್ರಿ. ನಿಮ್ಮ ನಟ ಹಿಂದಕ್ಕ ಹಿಂದಕ್ಕ ನಡೀಲಿ, ಆ ಶಾಟನ್ನ ಎಡಿಟಿಂಗಿನ್ಯಾಗ ರಿವರ್ಸ್ ಮಾಡ್ರಿ, ಮುಂದಕ್ಕೇ ಬರ್ತಾನ, ಆದ್ರ ಹಿಮ್ಮಡಿ ಊರೋದು, ಸೆರಗು ಹಾರೋದು ಎಲ್ಲಾ ಉಲ್ಟಾ. ಏನು ತಪ್ಪೈತಿ ಅಂತ ಹೇಳಾಕ ಬರಂಗಿಲ್ಲ, ನೋಡಾಕನೂ ಆಗಂಗಿಲ್ಲ. ಖರ್ಚು ಸೊನ್ನಿ.

ಪ್ರಶ್ನೆ: 'ನಾಳೆ ಬಾ' ಕಥಿ ಮ್ಯಾಲ ಒಂದು ನಿಮಿಷದ್ದು ಮಾಡೋಣ ಅಂತ ಐತಿ. ಹಳೇದಾತೇನು?
— ಓದುಗರು, ಸಿರುಗುಪ್ಪ

ಉತ್ತರ: ಕಥಿ ಹಳೇದಾದ್ರೂ ಅದರ ಹುರುಳು ಹಳೇದಾಗಿಲ್ಲ. ರಾತ್ರಿ ನಮ್ಮವ್ರ ದನ್ಯಾಗ ಯಾರೋ ಬಾಗ್ಲಾ ಬಡದು ಕರೀತಾರ, ಓ ಅನಬಾರ್ದು, ಅದಕ್ಕ ಬಾಗ್ಲಾದ ಮ್ಯಾಲ 'ನಾಳೆ ಬಾ' ಅಂತ ಬರೀತಿದ್ರು, ನಾವು ಸಣ್ಣವ್ರಿದ್ದಾಗ ನಮ್ಮ ಓಣ್ಯಾಗೂ ಬರದಿದ್ರು. ಎಲ್ಲಾರಿಗೂ ಗೊತ್ತಿರೋದ್ರಿಂದ ನಿಮಗ ಏನೂ ವಿವರಿಸೋ ಕೆಲಸ ಇಲ್ಲ, ಒಂದು ನಿಮಿಷದ ಸಿನಿಮಾಕ್ಕ ಅದು ದೊಡ್ಡ ಲಾಭ. ಮುಂಜಾನೆ ಅಜ್ಜಿ ಬಾಗ್ಲಾ ತಗದು ಹೊರಗ ಬಂದು ನೋಡ್ತಾಳ, ರಾತ್ರಿ ತಾನು ಸುಣ್ಣದಾಗ ಬರದಿದ್ದು ಇಲ್ಲ, ಒರಸಿ ಹೋಗೈತಿ. ಮಳಿ ಬಂದಿಲ್ಲ. ಗೊಣಗ್ಕೋಂತ ಒಳಗ ಬಂದು ಬಾಗ್ಲಾ ಹಾಕ್ತಾಳ, ಬಾಗ್ಲಾದ ಒಳಗಿನ ಮಗ್ಗಲಿಗೆ ಅದೇ ಅಕ್ಷರ ಅದಾವು. ಕಟ್.

ಪ್ರಶ್ನೆ: ಹಿರೇಬೆಣಕಲ್ಲಿನ ಮೋರ್ಯರ ಗುಡ್ಡದಾಗ ಶೂಟ್ ಮಾಡಿದ್ರ ಹೆಂಗಿರತೈತಿ?
— ಓದುಗರು, ಗಂಗಾವತಿ ತಾಲೂಕು

ಉತ್ತರ: ನೋಡಾಕ ಭಾರೀ ಐತಿ, ನೂರಾರು ಕಲ್ಲುಮನಿ ಅದಾವು, ಕೆಲವಕ್ಕ ದುಂಡನ ಕಿಂಡಿನೂ ಐತಿ. ಆದ್ರ ಅದು ಎರಡು ಸಾವಿರ ವರ್ಷಕ್ಕೂ ಹಿಂದಿನ ಮಂದಿ ತಮ್ಮ ಸತ್ತವ್ರಿಗೆ ಕಟ್ಟಿದ ಜಾಗಾ, ಸಂರಕ್ಷಿತ ಸ್ಥಳ, ಅನುಮತಿ ಇಲ್ದ ಸಿನಿಮಾ ಶೂಟ್ ಮಾಡಬಾರ್ದು, ಬೆಂಕಿ ಹಚ್ಚೋದು ಕಲ್ಲು ಸರಸೋದು ಅಂತೂ ಮನಸಿನ್ಯಾಗೂ ತರಬ್ಯಾಡ್ರಿ. ಇನ್ನ ಸಿನಿಮಾ ಲೆಕ್ಕದಾಗ ಹೇಳ್ಬೇಕಂದ್ರ, ಅಷ್ಟು ದೊಡ್ಡ ಗುಡ್ಡ ಫ್ರೇಮಿನ್ಯಾಗ ಬಂದ್ರ ನೋಡೋರು ವಾಹ್ ಅಂತಾರ, ಅಂಜಂಗಿಲ್ಲ. ನಿಮಗ ಬೇಕಾಗಿರೋದು ಇಕ್ಕಟ್ಟು. ಬಚ್ಚಲಮನಿ ಸಾಕು.

ಪ್ರಶ್ನೆ: ಮೇಡಂ, ನನ್ನ ಮಗ ಕಾಲೇಜಿನ್ಯಾಗ ಹಾರರ್ ಸಿನಿಮಾ ಮಾಡಾಕ ಹೊಂಟಾನ, ಒಂಬತ್ತು ವರ್ಷದ ತಂಗಿನ್ನ ಅದ್ರಾಗ ಹಾಕ್ಕೋತೀನಿ ಅಂತಾನ. ಆಕಿಗೆ ಮಾಡೋ ಹುಮ್ಮಸ್ಸು ಐತಿ, ನನಗ ಮಾತ್ರ ಹುಡುಗಿ ಮನಸಿನ್ಯಾಗ ಅಂಜಿಕಿ ಕುಂತ್ರ ಹೆಂಗ ಅಂತ ಚಿಂತಿ.
— ತಾಯಿ, ಸಿಂಧನೂರು

ಉತ್ತರ: ಅಕ್ಕಾರ, ನೀವು ಕೇಳಿದ್ದು ಬಾಳ ಛಲೋ ಆತು, ಯಾಕಂದ್ರ ಇದನ್ನ ಯಾರೂ ಕೇಳಂಗಿಲ್ಲ. ಕೆಲವು ವರ್ಷದ ಹಿಂದ ಒಂದು ಶೂಟಿಂಗಿಗೆ ನಾನು ಹೋಗಿದ್ದೆ, ಅಲ್ಲಿ ನಿರ್ದೇಶನ ಮಾಡಾವ ಸಣ್ಣ ಹುಡುಗನ ಮುಖದಾಗ ಖರೇ ಅಂಜಿಕಿ ಬೇಕು ಅಂತ ಹೇಳದ ಕೇಳದ ಬಾಗ್ಲಾದ ಹಿಂದ ಒಬ್ಬನ್ನ ಮುಖವಾಡ ಹಾಕಿ ನಿಂದ್ರಿಸಿದ್ದ. ಶಾಟ್ ಸಿಕ್ತು, ಎಲ್ಲಾರೂ ಚಪ್ಪಾಳಿ ಹೊಡದ್ರು. ಆ ಹುಡುಗ ಅವ್ವನ ಸೀರಿ ಬಿಡಲಿಲ್ಲ, ಎಷ್ಟೋ ದಿನ ಒಬ್ಬನ ಬಚ್ಚಲಕ್ಕ ಹೋಗ್ತಿರಲಿಲ್ಲ ಅಂತ ಆಮ್ಯಾಲ ಆಕಿ ಹೇಳಿದ್ಲು. ನಾನು ಅಲ್ಲೇ ನಿಂತಿದ್ದೆ, ತಡೀಬೇಕಿತ್ತು, ತಡೀಲಿಲ್ಲ, ಆ ಹುಡುಗನ ಮುಖ ಇನ್ನೂ ನನ್ನ ಕಣ್ಣ ಮುಂದ ಐತಿ.

ಅದರ ಅವಶ್ಯಕತೆನೇ ಇಲ್ಲ ನೋಡ್ರಿ. ಸುಮಾರು ನೂರು ವರ್ಷದ ಹಿಂದ ರಷ್ಯಾದಾಗ ಲೆವ್ ಕುಲೆಶೋವ್ ಅನ್ನೋ ನಿರ್ದೇಶಕ ಒಬ್ಬ ನಟನ ಒಂದೇ ಮುಖನ್ನ, ಏನೂ ಭಾವನೆ ತೋರಸದ ಮುಖನ್ನ, ಒಂದ್ಸಲ ಸೂಪಿನ ಬಟ್ಟಲಿನ ಜೋಡಿ, ಒಂದ್ಸಲ ಶವಪೆಟ್ಟಿಗಿ ಜೋಡಿ ಸೇರಿಸಿ ತೋರ್ಸಿದ. ನೋಡಿದವ್ರಿಗೆ ಒಂದ್ರಾಗ ಹಸಿವು ಕಾಣಸ್ತು, ಒಂದ್ರಾಗ ದುಃಖ ಕಾಣಸ್ತು. ಮುಖ ಅದೇ. ಹಂಗಾಗಿ ನಿಮ್ಮ ಮಗಳು ಅಂಜಬೇಕಾಗೇ ಇಲ್ಲ, ಗ್ವಾಡಿ ಮ್ಯಾಲಿನ ಹಲ್ಲಿ ಎಲ್ಲಿ ಹೊಂಟೈತಿ ಅಂತ ಸುಮ್ನ ನೋಡು ಅಂತ ಹೇಳ್ರಿ, ಅಲುಗಾಡದ ನೋಡ್ತಾಳ. ಅದಕ್ಕ ಮುಂದ ಒಂದು ಅರ್ಧ ತಗದ ಬಾಗ್ಲಾದ ಶಾಟ್ ಸೇರಿಸಿದ್ರ ನೋಡೋರು ಆಕಿ ಕಣ್ಣಾಗ ಎಲ್ಲಾ ಅಂಜಿಕಿನೂ ತಾವೇ ಕಾಣ್ತಾರ. ಮಕ್ಕಳು ಜೋರಾಗಿ ಅಳೋದಕ್ಕಿಂತ ಹಿಂಗ ಸುಮ್ನ ಒಂದು ಕಡೆ ನೋಡೋದೇ ಎದಿಗೆ ನಾಟತೈತಿ, ಇದು ನಾನು ಎಷ್ಟೋ ಸಲ ಟೇಬಲ್ ಮ್ಯಾಲ ನೋಡೀನಿ.

ಆಕಿ ಶಾಟೆಲ್ಲಾ ಹಗಲೊತ್ತಿನ್ಯಾಗ ಕಿಟಕಿ ಮುಚ್ಚಿ ತಗೀಲಿ, ದೆವ್ವ ಆಗೋ ಹುಡುಗ ಮುಖವಾಡ ಹಾಕ್ಕೊಳ್ಳೋದನ್ನ ಆಕಿ ಮುಂದೇ ಮಾಡ್ಲಿ, ಇಬ್ಬರೂ ಒಂದೇ ಫ್ರೇಮಿನ್ಯಾಗ ಇರೋದೇ ಬ್ಯಾಡ, ಬ್ಯಾರೆ ಬ್ಯಾರೆ ತಗದು ಜೋಡಸಬೋದು. ಸಾಕು ಅಂದ ಕೂಡ್ಲೇ ನಿಲ್ಲಿಸೋ ಹಕ್ಕು ಆಕಿದು ಅಂತ ಅಣ್ಣಾಗ ನೀವೇ ಹೇಳ್ರಿ, ಆಕಿ ಎದುರಿಗೇ ಹೇಳ್ರಿ. ಮುಗಿದ ಮ್ಯಾಲ ಮುಖವಾಡ ಆಕಿ ಕೈಯಾಗ ಕೊಟ್ಟು ಎಲ್ಲಾರೂ ಪಡಸಾಲ್ಯಾಗ ಕುಂದರ್ರಿ, ಆಕಿ ಬಾಗ್ಲಾದ ಹಿಂದಿಂದ ಬಂದು ನಿಮ್ಮನ್ನೆಲ್ಲಾ ಅಂಜಿಸ್ಲಿ, ಅಣ್ಣ ಎಲ್ಲಾರಿಗಿಂತ ಜೋರು ಚೀರಬೇಕು.